ನೀರಿನ ಕೆಳಗಿನ ಹೆಸರುಗಳು: ಶೆಟ್ಟಿಹಳ್ಳಿಯ ಮುಳುಗಡೆಯನ್ನು ಓದುವ ಮೂರು ಬಗೆಗಳು

ಶೆಟ್ಟಿಹಳ್ಳಿಯ ಜಪಮಾಲೆ ಮಾತೆಯ ದೇವಾಲಯದ ಚಿತ್ರವನ್ನು ಕಾಣದ ಕನ್ನಡ ಓದುಗರು ಇಂದು ವಿರಳ. ಹಾಸನ ನಗರದಿಂದ ಸುಮಾರು 20 ಕಿಲೋಮೀಟರ್ ದೂರದಲ್ಲಿ, ಗೊರೂರಿಗೆ ಸಮೀಪವಾಗಿ, ಹೇಮಾವತಿ ಜಲಾಶಯದ ಹಿನ್ನೀರಿನ ಅಂಚಿನಲ್ಲಿ ಛಾವಣಿ ಕಳೆದುಕೊಂಡು ನಿಂತಿರುವ ಈ ಗಾಥಿಕ್ ಶೈಲಿಯ ಕಟ್ಟಡವನ್ನು 1860ರ ದಶಕದಲ್ಲಿ ಫ್ರೆಂಚ್ ಮಿಷನರಿಗಳು ಕಟ್ಟಿಸಿದರು. ಮಳೆಗಾಲದಲ್ಲಿ ಅದರ ಕಮಾನುಗಳ ಅರ್ಧದವರೆಗೆ ನೀರು ಏರುತ್ತದೆ. ಬೇಸಿಗೆಯಲ್ಲಿ ನೀರು ಹಿಂದೆ ಸರಿದಾಗ ನೆಲ ಕಾಣುತ್ತದೆ. ಈ ಏರಿಳಿತವನ್ನು ಕಾಣಲು ನೂರಾರು ಜನ ಬರುತ್ತಾರೆ. ‘ಮುಳುಗುವ ಚರ್ಚ್’ ಎಂದೂ ‘ತೇಲುವ ಚರ್ಚ್’ ಎಂದೂ ಅದಕ್ಕೆ ಹೆಸರುಗಳು ಬಂದಿವೆ. ಮುಳುಗಿದ್ದು ಚರ್ಚ್ ಒಂದೇ ಅಲ್ಲ, ಅದನ್ನು ಸುತ್ತುವರಿದ ಊರು, ಗದ್ದೆ, ಹಾದಿ, ಬಾವಿ, ನೆರೆಹೊರೆ ಎಲ್ಲವೂ ಎಂಬುದು ಈ ಎರಡು ಹೆಸರುಗಳಲ್ಲಿ ಎಲ್ಲಿಯೂ ಇಲ್ಲ.

ಈ ಲೇಖನದಲ್ಲಿ ನಾವು ಪರಿಶೀಲಿಸಬಯಸುವುದು ಮುಳುಗಡೆಯನ್ನು ಓದುವ ಮೂರು ಬಗೆಗಳನ್ನು. ಮೊದಲನೆಯದು ಛಾಯಾಚಿತ್ರದ ಓದು. ಎರಡನೆಯದು ಕನ್ನಡ ಸಾಹಿತ್ಯದ ಓದು. ಮೂರನೆಯದು ಪ್ರಬೋಧನೆಯ ಓದು, ಎಂದರೆ ದೇವರ ವಾಕ್ಯವನ್ನು ಹಿಡಿದು ಧರ್ಮಸಭೆ ಸಂತ್ರಸ್ತರಿಗೆ ಆಡುವ ಮಾತು. ಈ ಮೂರರಲ್ಲಿ ಸಾಹಿತ್ಯವು ಉಳಿದೆರಡಕ್ಕಿಂತ ಶ್ರೀಗ್ರಂಥಕ್ಕೆ ಹೆಚ್ಚು ಹತ್ತಿರದಲ್ಲಿದೆ ಎಂಬುದು ನಮ್ಮ ವಾದ. ನೆಲೆ ಕಳೆದುಕೊಂಡವರ ಬಗ್ಗೆ ಶ್ರೀಗ್ರಂಥ ಮಾತನಾಡುವಾಗ ಅದು ಹೆಸರು ಹೇಳುತ್ತದೆ, ಕಾರಣ ಹೇಳುತ್ತದೆ, ದಾಖಲೆ ಬರೆದಿಡುತ್ತದೆ. ಈ ಮೂರನ್ನೂ ಬಿಟ್ಟ ಸಾಂತ್ವನ ಎಷ್ಟೇ ಭಕ್ತಿಪೂರ್ಣವಾಗಿದ್ದರೂ ಅಪೂರ್ಣವೇ.

ಹೊಳೆಯ ಜನ

ಮೊದಲು ಆ ಜನ ಯಾರೆಂಬುದನ್ನು ಗುರುತಿಸಬೇಕು. ಹೇಮಾವತಿ ಮೂಡಿಗೆರೆಯ ಮಲೆಗಳಲ್ಲಿ ಹುಟ್ಟಿ, ಸಕಲೇಶಪುರವನ್ನು ಹಾದು, ಗೊರೂರಿನ ಬಳಿ ಯಗಚಿಯನ್ನು ಕೂಡಿಕೊಂಡು, ಹೊಳೆನರಸೀಪುರದ ಮೂಲಕ ಹರಿದು ಕೃಷ್ಣರಾಜಸಾಗರದ ಹಿನ್ನೀರಿನಲ್ಲಿ ಕಾವೇರಿಯನ್ನು ಸೇರುತ್ತದೆ. ಹೊಳೆನರಸೀಪುರದ ಹೆಸರಿನಲ್ಲಿಯೇ ಹೊಳೆ ಇದೆ. ಅರಕಲಗೂಡು ತಾಲ್ಲೂಕಿಗೆ ಒಂದು ಕಡೆ ಹೇಮಾವತಿ, ಇನ್ನೊಂದು ಕಡೆ ರಾಮನಾಥಪುರದ ಕಾವೇರಿ. ಈ ಸೀಮೆಯ ತಗ್ಗು ಬಯಲುಗಳಲ್ಲಿ ಮೆಕ್ಕಲು ಮಣ್ಣನ್ನು ನಂಬಿ ಭತ್ತ ಬೆಳೆದವರು, ಹರಿಗೋಲಿನಲ್ಲಿ ಹೊಳೆ ದಾಟಿದವರು, ಹೊಳೆ ಉಕ್ಕಿದಾಗ ಹಿಂದೆ ಸರಿದು ಇಳಿದಾಗ ಮುಂದೆ ಬಂದವರು, ನೀರಿನ ಲಯಕ್ಕೆ ತಮ್ಮ ವರ್ಷವನ್ನು ಹೊಂದಿಸಿಕೊಂಡಿದ್ದರು. ನೀರನ್ನು ಪಳಗಿಸುವುದೂ ಅವರಿಗೆ ಹೊಸದಲ್ಲ. ಹೊಳೆನರಸೀಪುರ ತಾಲ್ಲೂಕಿನ ಶ್ರೀರಾಮದೇವರ ಅಣೆಕಟ್ಟೆ ಹಳೆಯ ಕಾಲದಿಂದ ಎರಡೂ ದಂಡೆಯ ನಾಲೆಗಳಿಗೆ ನೀರು ತಿರುಗಿಸುತ್ತ ಬಂದಿದೆ. ಹೊಳೆಗೆ ಅಡ್ಡವಾಗಿ ಕಟ್ಟಿದ ಅಂಥ ತಗ್ಗು ಒಡ್ಡು ನೀರಿನ ಒಂದು ಪಾಲನ್ನು ಮಾತ್ರ ತಿರುಗಿಸಿಕೊಂಡು ಮಿಕ್ಕದ್ದನ್ನು ತನ್ನ ತಲೆಯ ಮೇಲೆ ಹರಿಯಗೊಡುತ್ತದೆ.

ಗೊರೂರಿನ ಅಣೆಕಟ್ಟು ಬೇರೆಯೇ ಪ್ರಮಾಣದ್ದು. 1979ರಲ್ಲಿ ಪೂರ್ಣಗೊಂಡ ಅದರ ಉದ್ದ 4692 ಮೀಟರ್, ಎತ್ತರ 58.5 ಮೀಟರ್, ಸಂಗ್ರಹ ಸಾಮರ್ಥ್ಯ ಸುಮಾರು 37 ಟಿ.ಎಂ.ಸಿ. ಪ್ರತಿ ಮಳೆಗಾಲದಲ್ಲಿ ದಿನಪತ್ರಿಕೆಗಳು ‘ಗರಿಷ್ಠ ಮಟ್ಟ 2922 ಅಡಿ’ ಎಂದು ಬರೆದು, ಅಂದಿನ ಮಟ್ಟ, ಒಳಹರಿವು, ಹೊರಹರಿವುಗಳನ್ನು ಅಚ್ಚು ಹಾಕುತ್ತವೆ. ರೈತನೂ ವರ್ತಕನೂ ಅಧಿಕಾರಿಯೂ ಈ ಅಂಕಿಗಳನ್ನು ಆಸಕ್ತಿಯಿಂದ ಓದುತ್ತಾರೆ, ಓದಬೇಕಾದುದೂ ಹೌದು. ಆದರೆ 2922 ಎಂಬ ಅಂಕಿಗೆ ಇನ್ನೊಂದು ಅರ್ಥವೂ ಇದೆ: ಯಾರ ಮನೆ ಉಳಿಯಬೇಕು, ಯಾರ ಮನೆ ಹೋಗಬೇಕು ಎಂದು ನಿರ್ಣಯಿಸಿದ ಗೆರೆ ಅದು. ಆ ಗೆರೆಯ ಕೆಳಗೆ ಶೆಟ್ಟಿಹಳ್ಳಿಯೂ ಇತರ ಹಲವು ಹಳ್ಳಿಗಳೂ ಬಂದವು. ಅಲ್ಲಿ ಕ್ರೈಸ್ತರು ಮಾತ್ರವಲ್ಲ, ಎಲ್ಲ ಜಾತಿ ಮತಗಳ ಜನ ಒಕ್ಕಲೆದ್ದರು. ಶೆಟ್ಟಿಹಳ್ಳಿಯ ದೇವಾಲಯ ಎಲ್ಲರ ಕಣ್ಣಿಗೆ ಬೀಳುತ್ತದೆಂಬ ಕಾರಣಕ್ಕೆ ಮುಳುಗಡೆಯ ನೋವನ್ನು ಒಂದೇ ಸಮುದಾಯದ ಆಸ್ತಿ ಮಾಡಿಕೊಳ್ಳುವುದು ನ್ಯಾಯವಲ್ಲ. ಈ ಎಚ್ಚರವನ್ನು ಆರಂಭದಲ್ಲೇ ಹೇಳಿಬಿಡುವುದು ಒಳಿತು.

ನೀರಿನೊಡನೆ ಬದುಕಿದ ಜನ ನೆಲೆ ಕಳೆದುಕೊಳ್ಳುವುದು ಜಗತ್ತಿನ ಬೇರೆಡೆಯೂ ನಡೆದಿದೆ. ದಕ್ಷಿಣ ಇರಾಕಿನಲ್ಲಿ ಯೂಫ್ರೆಟಿಸ್, ಟೈಗ್ರಿಸ್ ನದಿಗಳ ಜೌಗುನೆಲದಲ್ಲಿ ಜೊಂಡಿನ ಮನೆ ಕಟ್ಟಿ, ಎಮ್ಮೆ ಸಾಕಿ, ಮೀನು ಹಿಡಿದು ಬದುಕಿದ ಅರಬರನ್ನು ಸದ್ದಾಂ ಹುಸೇನರ ಸರ್ಕಾರ 1991ರ ದಂಗೆಯ ಬಳಿಕ ಶಿಕ್ಷಿಸಿದ್ದು ನೀರನ್ನು ಬೇರೆಡೆಗೆ ತಿರುಗಿಸಿ ಜೌಗನ್ನು ಒಣಗಿಸುವುದರ ಮೂಲಕ. 2003ರಲ್ಲಿ ಆ ಸರ್ಕಾರ ಬಿದ್ದಾಗ ಜನರೇ ಒಡ್ಡುಗಳನ್ನು ಒಡೆದು ನೀರನ್ನು ಮರಳಿ ಕರೆದರು. 2016ರಲ್ಲಿ ಯುನೆಸ್ಕೋ ಆ ಪ್ರದೇಶವನ್ನು ವಿಶ್ವಪರಂಪರೆಯ ಪಟ್ಟಿಗೆ ಸೇರಿಸಿತು. ಏದೆನ್ ತೋಟ ಅಲ್ಲಿಯೇ ಇತ್ತೆಂದು ನಂಬುವವರೂ ಇದ್ದಾರೆ. ಅಲ್ಲಿ ನೀರನ್ನು ಕಸಿದದ್ದು ದ್ವೇಷದಿಂದ. ಹೇಮಾವತಿಯ ದಂಡೆಯಲ್ಲಿ ನೀರನ್ನು ತುಂಬಿದ್ದು ಅಭಿವೃದ್ಧಿಯ ಉದ್ದೇಶದಿಂದ. ಈ ವ್ಯತ್ಯಾಸ ಸಣ್ಣದಲ್ಲ. ಆದರೂ ನೆಲೆ ಕಳೆದುಕೊಂಡವನ ಕಡೆಯಿಂದ ನೋಡಿದಾಗ ಎರಡರಲ್ಲೂ ಒಂದು ಸಾಮ್ಯವಿದೆ: ನೀರಿನೊಂದಿಗೆ ಇದ್ದ ನಂಟನ್ನು ಮುರಿದವರು ಅವನನ್ನು ಕೇಳಲಿಲ್ಲ.

ಛಾಯಾಚಿತ್ರದ ಓದು

ಈಗ ಮೊದಲ ಓದಿಗೆ ಬರೋಣ. ಶೆಟ್ಟಿಹಳ್ಳಿಯ ಛಾಯಾಚಿತ್ರಗಳಿಗೆ ಒಂದು ಸಿದ್ಧ ರೂಪವಿದೆ: ಕೆಳಗೆ ನಿಶ್ಚಲವಾದ ನೀರು, ಮೇಲೆ ಮೋಡ, ನಡುವೆ ಕಮಾನು, ಕಮಾನಿನಲ್ಲಿ ಹಕ್ಕಿ. ಚಿತ್ರದಲ್ಲಿ ಮನುಷ್ಯರಿದ್ದರೆ ಅವರು ಪ್ರವಾಸಿಗಳು, ಇಲ್ಲವೇ ಮದುವೆಗೆ ಮುನ್ನ ಚಿತ್ರ ತೆಗೆಸಿಕೊಳ್ಳಲು ಬಂದ ಜೋಡಿ. ಪಾಳು ಕಟ್ಟಡವನ್ನು ಸುಂದರವೆಂದು ಕಾಣುವುದು ತಪ್ಪಲ್ಲ. ಆದರೆ ಈ ಚಿತ್ರಗಳಲ್ಲಿ ಪಾಳು ಎಂಬುದು ಕಾಲದ ಕೆಲಸವಾಗಿ ತೋರುತ್ತದೆ. ಕಲ್ಲು ತಾನಾಗಿ ಸವೆಯಿತು, ನೀರು ತಾನಾಗಿ ಬಂತು ಎಂಬ ಭಾವ ನೋಡುವವನಲ್ಲಿ ಉಂಟಾಗುತ್ತದೆ. ಹಂಪೆಯ ಹಾಳಿಗೂ ಶೆಟ್ಟಿಹಳ್ಳಿಯ ಹಾಳಿಗೂ ನಡುವೆ ಅಂತರವೇ ಇಲ್ಲದಂತಾಗುತ್ತದೆ. ವಾಸ್ತವವಾಗಿ ಶೆಟ್ಟಿಹಳ್ಳಿ ಪಾಳಾದದ್ದು ಈಗ ಬದುಕಿರುವವರ ನೆನಪಿನ ಅಳತೆಯಲ್ಲಿ. ಒಂದು ಯೋಜನೆಯಿಂದ, ಒಂದು ಭೂಸ್ವಾಧೀನ ಕಾನೂನಿನಿಂದ, ದಿನಾಂಕವುಳ್ಳ ನೋಟಿಸಿನಿಂದ. ಅಲ್ಲಿ ಆಟವಾಡಿದ ಮಕ್ಕಳು ಇಂದು ಅರುವತ್ತು ದಾಟಿದ್ದಾರೆ.

ಕಟ್ಟಡದ ಬಗ್ಗೆ ಮರುಕವೂ ಈ ಓದಿನ ಒಂದು ಭಾಗ. ಇತ್ತೀಚಿನ ವರ್ಷಗಳ ಮಳೆಯಲ್ಲಿ ಗೋಡೆಯ ಕೆಲವು ಭಾಗಗಳು ಕುಸಿದಾಗ ‘ಪರಂಪರೆ ಉಳಿಸಿ’ ಎಂಬ ಕೂಗು ಎದ್ದಿತು. ಆ ಕೂಗು ಸಾಧುವಾದದ್ದೇ. ಬೆಲ್ಲ ಮತ್ತು ಮೊಟ್ಟೆ ಬೆರೆಸಿದ ಗಾರೆಯಿಂದ ಅದನ್ನು ಕಟ್ಟಿದರೆಂದು ಜನ ಹೇಳುತ್ತಾರೆ. ಅಷ್ಟು ಶ್ರಮದ ಕಟ್ಟಡ ಉಳಿಯಲಿ ಎಂದು ಯಾರು ಬಯಸುವುದಿಲ್ಲ? ಆದರೆ ಕಲ್ಲಿಗೆ ಸಿಕ್ಕಿದ ಈ ಗಮನ ಅದನ್ನು ಹೊತ್ತವರ ಮೊಮ್ಮಕ್ಕಳಿಗೆ ಎಂದೂ ಸಿಗಲಿಲ್ಲ. ಹೇಮಾವತಿ ಸಂತ್ರಸ್ತರಿಗೆಂದು ಮೀಸಲಿಟ್ಟ ಭೂಮಿ ನಕಲಿ ದಾಖಲೆಗಳ ಮೂಲಕ ಅನ್ಯರ ಪಾಲಾಯಿತೆಂಬ ಆರೋಪ ಹಾಸನ ಜಿಲ್ಲೆಯಲ್ಲಿ ವರ್ಷಗಳಿಂದ ಕೇಳಿಬರುತ್ತಿದೆ. ಕಮಾನು ಕುಸಿದದ್ದನ್ನು ಕಂಡು ನೊಂದವರಲ್ಲಿ ಎಷ್ಟು ಮಂದಿ ಈ ಆರೋಪದ ಗತಿಯೇನಾಯಿತೆಂದು ವಿಚಾರಿಸಿದ್ದಾರೆ?

ಸಾಹಿತ್ಯದ ಓದು

ಹಾಸನ ಜಿಲ್ಲೆ ಕನ್ನಡಕ್ಕೆ ನೀರಿನ ಬಗ್ಗೆ ಎರಡು ಬಗೆಯ ಸಾಕ್ಷಿಗಳನ್ನು ಕೊಟ್ಟಿದೆ. ಒಬ್ಬರು ಗೊರೂರು ರಾಮಸ್ವಾಮಿ ಅಯ್ಯಂಗಾರ್ಯರು (1904–1991). ‘ಹಳ್ಳಿಯ ಚಿತ್ರಗಳು’ ಕೃತಿಯ ಮೂಲಕ ಹೇಮಾವತಿಯ ದಂಡೆಯ ಗ್ರಾಮಜೀವನವನ್ನು ನಗೆಯೊಡನೆ, ಆಪ್ತತೆಯೊಡನೆ ನಾಡಿಗೆ ಪರಿಚಯಿಸಿದವರು ಅವರು. ಅವರ ಹುಟ್ಟೂರಿನ ಪಕ್ಕದಲ್ಲೇ, ಅವರ ಜೀವಿತಕಾಲದಲ್ಲೇ, ಅದೇ ಹೊಳೆಗೆ ಅಣೆಕಟ್ಟು ಎದ್ದು ನಿಂತಿತು. ಇನ್ನೊಬ್ಬರು ಚನ್ನರಾಯಪಟ್ಟಣ ತಾಲ್ಲೂಕಿನ ಸಂತೇಶಿವರದ ಎಸ್.ಎಲ್. ಭೈರಪ್ಪನವರು. ಅವರ ‘ಗೃಹಭಂಗ’ ಚನ್ನರಾಯಪಟ್ಟಣ–ತಿಪಟೂರು ಸೀಮೆಯ ಬಡತನ, ಬರ, ಪ್ಲೇಗುಗಳ ಕಥನ. ಹೊಳೆಯಿಲ್ಲದ, ಕೆರೆ ತುಂಬಿದರೆ ಉಂಟು, ಇಲ್ಲದಿದ್ದರೆ ಇಲ್ಲ ಎಂಬ ನಾಡು ಅದು. ಈ ಇಬ್ಬರನ್ನೂ ಒಟ್ಟಿಗೆ ಓದಿದಾಗ ಮಾತ್ರ ಪ್ರಶ್ನೆಯ ಪೂರ್ಣ ಭಾರ ನಮ್ಮ ಅರಿವಿಗೆ ಬರುತ್ತದೆ. ಹೇಮಾವತಿಯ ಎಡದಂಡೆ ನಾಲೆ ಚನ್ನರಾಯಪಟ್ಟಣ, ನಾಗಮಂಗಲಗಳತ್ತ, ತುಮಕೂರು ಜಿಲ್ಲೆಯತ್ತ ನೀರು ಒಯ್ಯುತ್ತದೆ. ಬಲದಂಡೆಯ ನಾಲೆಗಳು ಅರಕಲಗೂಡು, ಹೊಳೆನರಸೀಪುರಗಳ ಹೊಲಗಳಿಗೆ ಹೋಗುತ್ತವೆ. ಆ ನೀರು ಹಸಿವನ್ನು ತಗ್ಗಿಸಿದೆ. ಇದನ್ನು ಅಲ್ಲಗಳೆಯುವ ದೈವಶಾಸ್ತ್ರ ಹೊಟ್ಟೆ ತುಂಬಿದವರ ದೈವಶಾಸ್ತ್ರವಾದೀತು.

ಆದಕಾರಣ ‘ಅಣೆಕಟ್ಟು ಬೇಕಿತ್ತೇ, ಬೇಡವಿತ್ತೇ’ ಎಂಬ ಚರ್ಚೆಯನ್ನು ನಾವಿಲ್ಲಿ ಕೈಗೆತ್ತಿಕೊಳ್ಳುವುದಿಲ್ಲ. ನಮ್ಮ ಪ್ರಶ್ನೆ ಬೇರೆ: ಒಬ್ಬರ ಗದ್ದೆ ಇನ್ನೊಬ್ಬರ ಗದ್ದೆಗೆ ನೀರಾಗುವಾಗ, ಪಡೆದವರು ಕೊಟ್ಟವರ ಹೆಸರನ್ನಾದರೂ ಬಲ್ಲರೇ?

ಈ ಪ್ರಶ್ನೆಯನ್ನು ಕನ್ನಡದಲ್ಲಿ ಬಿಡದೆ ಕೇಳಿದವರು ನಾ. ಡಿಸೋಜ (1937–2025). ಸಾಗರದ ಈ ಕ್ರೈಸ್ತ ಲೇಖಕರು ಲೋಕೋಪಯೋಗಿ ಇಲಾಖೆಯ ನೌಕರರಾಗಿ ಶರಾವತಿ ಯೋಜನೆಯನ್ನು ಒಳಗಿನಿಂದ ಕಂಡವರು. 1964ರಲ್ಲಿ ಸಿದ್ಧವಾದ ಲಿಂಗನಮಕ್ಕಿ ಅಣೆಕಟ್ಟು ಹುಟ್ಟಿಸಿದ ಹಿನ್ನೀರು ಅವರ ‘ಮುಳುಗಡೆ’, ‘ದ್ವೀಪ’ ಕಾದಂಬರಿಗಳ ವಸ್ತು. ಹೇಮಾವತಿಯ ಮುಳುಗಡೆಗೆ ಅಂಥ ಪ್ರಸಿದ್ಧ ಕಾದಂಬರಿಯೊಂದು ದೊರೆಯದ ಕಾರಣ, ಶರಾವತಿಯ ಕಥನವನ್ನೇ ಕೈದೀವಿಗೆಯಾಗಿ ಹಿಡಿದು ಶೆಟ್ಟಿಹಳ್ಳಿಗೆ ಬರಬೇಕಾಗಿದೆ.

‘ದ್ವೀಪ’ದ ಕಥೆ ಸರಳ. ಒಂದು ಗುಡ್ಡ, ಗುಡ್ಡದೊಡನೆ ಬೆಸೆದುಕೊಂಡ ಒಂದು ಕುಟುಂಬ. ನೆರೆಯವರೆಲ್ಲ ಹೊರಟುಹೋಗುತ್ತಾರೆ, ಮಳೆ ಹಿಡಿಯುತ್ತದೆ, ನೀರು ಏರಿ ಗುಡ್ಡ ದ್ವೀಪವಾಗುತ್ತದೆ. ಡಿಸೋಜರ ಸಾಧನೆ ಇರುವುದು ಮುಳುಗಡೆಯ ಹಾನಿಯನ್ನು ಅವರು ಎಲ್ಲಿ ತೋರಿಸುತ್ತಾರೆ ಎಂಬುದರಲ್ಲಿ. ಹಾನಿ ಜಮೀನಿನಲ್ಲಿ ಮಾತ್ರ ಇಲ್ಲ. ನೆರೆಹೊರೆಯಿಲ್ಲದ ಮನೆಯಲ್ಲಿ, ನೆರವಿಗೆ ಬಂದ ಯುವಕನ ಕುರಿತು ಗಂಡನಲ್ಲಿ ಸಂಶಯ ಬೆಳೆಯುತ್ತದೆ. ದುಡಿಯುವ ಹೆಂಡತಿಯ ಮೇಲೆ ಅದರ ಭಾರ ಬೀಳುತ್ತದೆ. ಸುತ್ತಲ ನೀರು ಹೊಸ್ತಿಲು ದಾಟುವುದಕ್ಕೆ ಮುನ್ನವೇ ಸಂಬಂಧಗಳೊಳಗೆ ನುಗ್ಗಿರುತ್ತದೆ. ಯಾವ ಪರಿಹಾರದ ಕಡತದಲ್ಲಿ ಇದಕ್ಕೆ ಒಂದು ಕಲಮು ಇದೆ? ಊರು ಎಂದರೆ ಪರಸ್ಪರ ಕಣ್ಣಿಟ್ಟುಕೊಂಡಿರುವ ಮನೆಗಳ ಕೂಟ. ಆ ಕೂಟ ಚದುರಿದ ಮೇಲೆ ಪ್ರತಿ ಮನೆಯೂ ಒಂದು ದ್ವೀಪವೇ. ಹೊಸ ಜಾಗದಲ್ಲಿ ಹೆಂಚಿನ ಮನೆ ಸಿಕ್ಕರೂ ಈ ಅರ್ಥದಲ್ಲಿ ದ್ವೀಪತ್ವ ತಪ್ಪುವುದಿಲ್ಲ.

ಗಿರೀಶ ಕಾಸರವಳ್ಳಿಯವರು 2002ರಲ್ಲಿ ಇದೇ ಹೆಸರಿನಲ್ಲಿ ಮಾಡಿದ, ಸ್ವರ್ಣಕಮಲ ಪಡೆದ ಚಲನಚಿತ್ರ ಇನ್ನೊಂದು ಹೆಜ್ಜೆ ಮುಂದಿಡುತ್ತದೆ. ಅದರಲ್ಲಿ ಮುಳುಗುವ ಭಯದ ನಡುವೆ ಮನೆಯನ್ನು ಉಳಿಸಲು ಹೋರಾಡುವವಳು ನಾಗಿ. ಕೊನೆಗೆ ನೀರು ಇಳಿಯುತ್ತದೆ. ಗಂಡ ಅದನ್ನು ದೈವಕೃಪೆಯೆನ್ನುತ್ತಾನೆ. ನಾಗಿಯ ಶ್ರಮ ಅವನ ಗಮನಕ್ಕೇ ಬರುವುದಿಲ್ಲ. ಗುರುವೃತ್ತಿಗೆ ಸಿದ್ಧರಾಗುವವರು ಈ ದೃಶ್ಯವನ್ನು ಪಾಠವಾಗಿ ಓದಬೇಕೆಂದು ನಾವು ಹೇಳುತ್ತೇವೆ. ದೇವರಿಗೆ ಕೃತಜ್ಞತೆ ಸಲ್ಲಿಸುವ ಮಾತು ಯಾವಾಗ ಒಬ್ಬ ಮನುಷ್ಯಳ ಹೋರಾಟವನ್ನು ಅಳಿಸಿಹಾಕುತ್ತದೆಯೋ, ಆ ಮಾತು ದೇವರ ಮಹಿಮೆಯನ್ನು ಹೆಚ್ಚಿಸುವುದಿಲ್ಲ. ಅದೇ ರೀತಿ, ‘ದೇವರ ಚಿತ್ತ’ ಎಂಬ ಮಾತು ಮುಳುಗಡೆಯ ಕಾರಣವನ್ನು ಅಳಿಸಿಹಾಕಿದಾಗ ಅದು ಭಕ್ತಿಯ ವೇಷ ತೊಟ್ಟ ಮರೆವು.

ಈ ಸಾಹಿತ್ಯಕ್ಕೂ ಒಂದು ಮಿತಿಯಿದೆಯೆಂದು ಹೇಳದಿದ್ದರೆ ವಿಮರ್ಶೆ ಅಪೂರ್ಣ. ‘ದ್ವೀಪ’ದ ನಡುವಿನಲ್ಲಿರುವುದು ಮನೆ, ತೋಟವುಳ್ಳ ಕುಟುಂಬ. ತನ್ನದೆನ್ನಲು ಗೇಣು ನೆಲವೂ ಇಲ್ಲದ ಕೂಲಿಯವರ ಮುಳುಗಡೆ ಕಥೆಯ ಅಂಚಿನಲ್ಲಿ ಉಳಿಯುತ್ತದೆ. ವಾಸ್ತವದಲ್ಲಿಯೂ ಹಾಗೆಯೇ ಆಯಿತು. ಹೇಮಾವತಿಯ ಕಾಲಕ್ಕೆ ಜಾರಿಯಲ್ಲಿದ್ದುದು 1894ರ ಭೂಸ್ವಾಧೀನ ಕಾಯ್ದೆ. ಅದರ ಕಣ್ಣಿಗೆ ಬೀಳುತ್ತಿದ್ದುದು ಹಕ್ಕುಪತ್ರವುಳ್ಳ ಭೂಮಿ. ಹೊಲದಲ್ಲಿ ದುಡಿದವನ ಕೆಲಸ, ಹರಿಗೋಲು ನಡೆಸಿದವನ ಕಸುಬು, ಬೇಲಿಯ ಸೊಪ್ಪಿನಿಂದ ಆಡು ಸಾಕಿದ ವಿಧವೆಯ ಆಸರೆ ಅದಕ್ಕೆ ಕಾಣುತ್ತಿರಲಿಲ್ಲ. ಸಾಮಾಜಿಕ ಪರಿಣಾಮದ ಅಧ್ಯಯನವನ್ನು ಕಡ್ಡಾಯ ಮಾಡಿದ, ಜೀವನೋಪಾಯ ಕಳೆದುಕೊಂಡವರನ್ನೂ ಸಂತ್ರಸ್ತರೆಂದು ಗುರುತಿಸಿದ ಕಾಯ್ದೆ ಬಂದದ್ದು 2013ರಲ್ಲಿ. ಯೇಸುಸಭೆಯ ಗುರುಗಳೂ ಸಮಾಜಶಾಸ್ತ್ರಜ್ಞರೂ ಆದ ವಾಲ್ಟರ್ ಫೆರ್ನಾಂಡಿಸ್ ಅವರು ಸ್ವಾತಂತ್ರ್ಯಾನಂತರ ಶತಮಾನದ ಕೊನೆಯವರೆಗೆ ಭಾರತದಲ್ಲಿ ಯೋಜನೆಗಳಿಂದ ನೆಲೆ ಅಥವಾ ಜೀವನೋಪಾಯ ಕಳೆದುಕೊಂಡವರ ಸಂಖ್ಯೆ ಸುಮಾರು 6 ಕೋಟಿ ಎಂದು ಅಂದಾಜು ಮಾಡಿದ್ದಾರೆ. ಎಣಿಕೆಗಾಗಿ ಒಬ್ಬ ಸಂಶೋಧಕರು ಜೀವನವನ್ನೇ ಸವೆಸಬೇಕಾಯಿತೆಂಬುದು ಆ ಸಂಖ್ಯೆಯಷ್ಟೇ ಗಂಭೀರವಾದ ವಿಷಯ.

ಪ್ರಬೋಧನೆಯ ಓದು

ಮೂರನೆಯ ಓದಿಗೆ ಬಂದಾಗ, ಸಂತ್ರಸ್ತರ ಎದುರಿಗೆ ಸಾಮಾನ್ಯವಾಗಿ ಎರಡು ವಾಕ್ಯಭಾಗಗಳು ಬಳಕೆಯಾಗುವುದನ್ನು ಕಾಣುತ್ತೇವೆ. ಒಂದು ವಿಮೋಚನಾಕಾಂಡದ ಯಾತ್ರೆ; ಇನ್ನೊಂದು ಹಿಬ್ರಿಯರಿಗೆ ಬರೆದ ಪತ್ರದ 13ನೇ ಅಧ್ಯಾಯದಲ್ಲಿ, ಇಲ್ಲಿ ನಮಗೆ ಶಾಶ್ವತವಾದ ಪಟ್ಟಣವಿಲ್ಲವೆಂದು ನೆನಪಿಸುವ 14ನೇ ವಚನ.

ವಿಮೋಚನಾಕಾಂಡವನ್ನು ಒಕ್ಕಲೆದ್ದವರಿಗೆ ಅನ್ವಯಿಸುವಲ್ಲಿ ದಿಕ್ಕಿನ ತೊಡಕಿದೆ. ಇಸ್ರಯೇಲರು ದಾಸ್ಯದ ನಾಡಿನಿಂದ ವಾಗ್ದಾನದ ನಾಡಿಗೆ ನಡೆದರು. ಹೇಮಾವತಿಯ ಜನ ತಮ್ಮದೇ ನಾಡಿನಿಂದ ಅಪರಿಚಿತ ನೆಲಕ್ಕೆ ನಡೆದರು. ಓಸೇಜ್ ಬುಡಕಟ್ಟಿಗೆ ಸೇರಿದ ಅಮೆರಿಕದ ವಿದ್ವಾಂಸ ರಾಬರ್ಟ್ ಆ್ಯಲನ್ ವಾರಿಯರ್ 1989ರಲ್ಲಿ ಪ್ರಕಟಿಸಿದ ಒಂದು ಲೇಖನದಲ್ಲಿ ವಿಮೋಚನಾ ದೈವಶಾಸ್ತ್ರದವರಿಗೆ ಇದೇ ಪ್ರಶ್ನೆಯನ್ನು ಹಾಕಿದರು: ಈ ಕಥೆಯಲ್ಲಿ ಮೂಲನಿವಾಸಿಗಳು ತಮ್ಮನ್ನು ಗುರುತಿಸಿಕೊಳ್ಳುವುದು ಇಸ್ರಯೇಲರಲ್ಲಿಯೋ, ಕಾನಾನ್ಯರಲ್ಲಿಯೋ? ನಮ್ಮ ಸಂದರ್ಭಕ್ಕೆ ಅವರ ಪ್ರಶ್ನೆಯನ್ನು ತಂದರೆ, ನಾಲೆಯ ನೀರು ಹರಿದ ಊರುಗಳಿಗೆ ವಿಮೋಚನಾಕಾಂಡ ಒಂದು ರೀತಿ ಕೇಳುತ್ತದೆ, ನೀರು ನಿಂತ ಊರುಗಳಿಗೆ ಇನ್ನೊಂದು ರೀತಿ. ಒಂದೇ ಧರ್ಮಪ್ರಾಂತ್ಯದೊಳಗೆ ಈ ಎರಡೂ ಬಗೆಯ ಕೇಳುಗರಿರುವಾಗ, ಯಾರ ಮುಂದೆ ಮಾತನಾಡುತ್ತಿದ್ದೇನೆ ಎಂಬುದನ್ನು ಪ್ರಬೋಧಕ ಅರಿತಿರಬೇಕು.

ಹಿಬ್ರಿಯರ ಪತ್ರದ ವಚನವಂತೂ ಅದರ ನೆಲೆಯಿಂದಲೇ ಒಕ್ಕಲೆದ್ದಿದೆ. ಆ ಪತ್ರ ಯಾರಿಗೆ ಬರೆದುದು? 10ನೇ ಅಧ್ಯಾಯದ 34ನೇ ವಚನ ಅದನ್ನು ಹೇಳುತ್ತದೆ: ತಮ್ಮ ಆಸ್ತಿಪಾಸ್ತಿಯನ್ನು ಪರರು ದೋಚಿಕೊಂಡಾಗ ಸಹಿಸಿಕೊಂಡ ಜನರಿಗೆ. ಪತ್ರದ ಕರ್ತೃ ಅವರನ್ನು ಶಾಶ್ವತ ಪಟ್ಟಣದ ಕಡೆಗೆ ನೋಡುವಂತೆ ಹೇಳುವುದಕ್ಕೆ ಮುನ್ನ, ಅವರಿಗೆ ಆದದ್ದು ಲೂಟಿ ಎಂದು ಹೆಸರಿಟ್ಟು ಹೇಳುತ್ತಾನೆ. ಲೂಟಿಯನ್ನು ಹೆಸರಿಸಿದ ಬಳಿಕ ಬಂದ ನಿರೀಕ್ಷೆಗೂ, ಹೆಸರಿಸದೆ ಬಂದ ನಿರೀಕ್ಷೆಗೂ ಅಪಾರ ವ್ಯತ್ಯಾಸವಿದೆ. 13:14ನ್ನು 10:34ರಿಂದ ಬೇರ್ಪಡಿಸಿ ಸಂತ್ರಸ್ತರಿಗೆ ಓದುವುದೆಂದರೆ, ನೊಂದವರು ನೊಂದವರಿಗೆ ಹೇಳಿದ ಮಾತನ್ನು ಕಿತ್ತು ನೋಯದವರ ಕೈಗೆ ಕೊಟ್ಟಂತೆ.

ಒಂದು ಆಕ್ಷೇಪಕ್ಕೆ ಇಲ್ಲಿ ಉತ್ತರಿಸಬೇಕು. ‘ನೆಲಕ್ಕೆ ಇಷ್ಟು ಅಂಟಿಕೊಳ್ಳುವುದು ಕ್ರೈಸ್ತ ಮನೋಭಾವವೇ? ಕ್ರಿಸ್ತನ ಸಭೆಗೆ ಯಾವ ನೆಲವೂ ತಾಯ್ನೆಲ, ಯಾವ ನೆಲವೂ ಪರದೇಶ’ ಎಂದು ಹೇಳುವವರಿದ್ದಾರೆ. ಆದರೆ ಈ ವೈರಾಗ್ಯ ತಾನಾಗಿ ಬಿಟ್ಟವನಿಗೆ ಒಪ್ಪುತ್ತದೆ. ಕಿತ್ತುಕೊಂಡವನು ಕಳೆದುಕೊಂಡವನಿಗೆ ಅದನ್ನು ಬೋಧಿಸುವಂತಿಲ್ಲ. ವಾಲ್ಟರ್ ಬ್ರೂಗ್ಗೆಮನ್ 1977ರಲ್ಲಿ ಪ್ರಕಟವಾದ ತಮ್ಮ ‘ದಿ ಲ್ಯಾಂಡ್’ ಗ್ರಂಥದಲ್ಲಿ ಬರಿಯ ಜಾಗಕ್ಕೂ ನೆಲೆಗೂ ಇರುವ ಭೇದವನ್ನು ವಿವರಿಸಿದ್ದಾರೆ. ಜಾಗದಲ್ಲಿ ಒತ್ತಾಯಗಳಿಲ್ಲ, ನೆನಪುಗಳಿಲ್ಲ. ನೆಲೆಯಲ್ಲಿ ಮಾತು ಕೊಟ್ಟಿದ್ದಾರೆ, ಹೆಸರಿಟ್ಟಿದ್ದಾರೆ, ಸತ್ತವರನ್ನು ಮಣ್ಣು ಮಾಡಿದ್ದಾರೆ. ಪೋಪ್ ಫ್ರಾನ್ಸಿಸ್ ಅವರ 2015ರ ‘ಲೌದಾತೋ ಸಿ’ ವಿಶ್ವಪತ್ರದ 146ನೇ ಪರಿಚ್ಛೇದವೂ ಮೂಲನಿವಾಸಿ ಸಮುದಾಯಗಳಿಗೆ ಭೂಮಿ ಮಾರಾಟದ ಸರಕಲ್ಲ, ದೇವರಿಂದಲೂ ಹಿರಿಯರಿಂದಲೂ ಬಂದ ಕೊಡುಗೆ ಎಂಬುದನ್ನು ಎತ್ತಿ ಹೇಳುತ್ತದೆ. ಹೇಮಾವತಿಯ ರೈತರು ಬುಡಕಟ್ಟಿನವರಲ್ಲವಾದರೂ ಈ ಮಾತಿನ ಹುರುಳು ಅವರಿಗೂ ಸಲ್ಲುತ್ತದೆ.

ನಾಬೋತನ ತೋಟ, ಅನಾತೋತಿನ ಹೊಲ

ಹಾಗಾದರೆ ಯಾವ ವಾಕ್ಯಭಾಗಗಳನ್ನು ಓದಬೇಕು? ಎರಡನ್ನು ಸೂಚಿಸುತ್ತೇವೆ.

ಮೊದಲನೆಯದು ಒಂದನೆಯ ಅರಸುಗಳ ಗ್ರಂಥದ 21ನೇ ಅಧ್ಯಾಯ. ಅರಸ ಅಹಾಬ ನಾಬೋತನಿಗೆ ಆರಂಭದಲ್ಲಿ ಅನ್ಯಾಯದ ಬೆಲೆ ಹೇಳುವುದಿಲ್ಲ. ತೋಟಕ್ಕೆ ಬದಲು ಇನ್ನೂ ಒಳ್ಳೆಯ ತೋಟ, ಇಲ್ಲವೇ ಹಣ ಕೊಡುತ್ತೇನೆನ್ನುತ್ತಾನೆ. ಪರಿಹಾರದ ಭಾಷೆಯಲ್ಲಿ ಇದು ಉದಾರವಾದ ಕೊಡುಗೆ. ಆದರೂ ನಾಬೋತ ಒಪ್ಪುವುದಿಲ್ಲ, ಏಕೆಂದರೆ ಅವನ ಪಾಲಿಗೆ ಅದು ಪಿತ್ರಾರ್ಜಿತ. ಇಬ್ಬರೂ ಒಂದೇ ತೋಟದ ಬಗ್ಗೆ ಮಾತನಾಡುತ್ತಿದ್ದರೂ ಒಬ್ಬನು ಜಾಗವನ್ನು ನೋಡುತ್ತಿದ್ದಾನೆ, ಇನ್ನೊಬ್ಬನು ನೆಲೆಯನ್ನು. ಮುಂದೆ ಈಜೆಬೆಲ್ ಮೊರೆಹೋಗುವುದು ಪತ್ರಗಳಿಗೆ, ಮುದ್ರೆಗೆ, ಸುಳ್ಳುಸಾಕ್ಷಿಗೆ. ಎಲ್ಲವೂ ಕಾನೂನಿನ ಆಕಾರದಲ್ಲಿಯೇ ನಡೆಯುತ್ತದೆ. ಪ್ರವಾದಿ ಎಲೀಯನು ಬಂದು ಮಾಡುವ ಕೆಲಸ ಒಂದೇ: ಕೊಂದವನಾರು, ಪಡೆದವನಾರು ಎಂದು ಹೆಸರಿಟ್ಟು ಹೇಳುವುದು. ನಕಲಿ ದಾಖಲೆಗಳ ಆರೋಪವಿರುವ ಜಿಲ್ಲೆಯಲ್ಲಿ ಈ ಅಧ್ಯಾಯಕ್ಕೆ ವ್ಯಾಖ್ಯಾನ ಬೇಕಿಲ್ಲ.

ಎರಡನೆಯದು ಯೆರೆಮೀಯನ ಗ್ರಂಥದ 32ನೇ ಅಧ್ಯಾಯ. ಬಾಬಿಲೋನಿನ ಸೈನ್ಯ ಜೆರುಸಲೇಮನ್ನು ಮುತ್ತಿದೆ, ಪ್ರವಾದಿ ಸೆರೆಯಲ್ಲಿದ್ದಾನೆ, ನಾಡು ಕೈತಪ್ಪುವುದು ಖಚಿತ. ಆ ಸಮಯದಲ್ಲಿ ಯೆರೆಮೀಯ ತನ್ನ ಬಂಧು ಹನಮೇಲನಿಂದ ಅನಾತೋತಿನ ಹೊಲವನ್ನು 17 ಬೆಳ್ಳಿ ನಾಣ್ಯಕ್ಕೆ ಕೊಳ್ಳುತ್ತಾನೆ. ಕ್ರಯಪತ್ರ ಬರೆಸುತ್ತಾನೆ, ಸಾಕ್ಷಿಗಳ ರುಜು ಹಾಕಿಸುತ್ತಾನೆ, ಅದು ಬಹುಕಾಲ ಉಳಿಯುವಂತೆ ಮಣ್ಣಿನ ಮಡಕೆಯಲ್ಲಿಡಲು ಬಾರೂಕನಿಗೆ ಹೇಳುತ್ತಾನೆ. ಇಲ್ಲಿ ನಿರೀಕ್ಷೆಯ ರೂಪ ಹಾಡೂ ಅಲ್ಲ, ದರ್ಶನವೂ ಅಲ್ಲ, ಒಂದು ದಾಖಲೆ. ಹೊಲ ಶತ್ರುವಿನ ಕೈಸೇರಿದರೂ ಅದು ಯಾರದೆಂಬ ಸತ್ಯ ಅಳಿಯಬಾರದು ಎಂಬುದು ಆ ಮಡಕೆಯ ಅರ್ಥ.

ಧರ್ಮಸಭೆಯ ಬಳಿ ಅಂಥ ಮಡಕೆ ಇದೆ. ಪ್ರತಿ ಧರ್ಮಕೇಂದ್ರವೂ ದೀಕ್ಷಾಸ್ನಾನ, ವಿವಾಹ, ಮರಣಗಳ ದಾಖಲೆ ಪುಸ್ತಕಗಳನ್ನು ಇಟ್ಟು ಕಾಪಾಡಬೇಕೆಂದು ಧರ್ಮಸಭೆಯ ಕಾನೂನು ಸಂಹಿತೆಯ 535ನೇ ವಿಧಿ ವಿಧಿಸುತ್ತದೆ. ಪಹಣಿಯಲ್ಲಿ ಭೂಮಿಯಿದ್ದವನ ಹೆಸರಿರುತ್ತದೆ. ದೀಕ್ಷಾಸ್ನಾನದ ಪುಸ್ತಕದಲ್ಲಿ ಕೂಲಿಯವಳ ಮಗುವಿನ ಹೆಸರೂ ಜಮೀನುದಾರನ ಮಗುವಿನ ಹೆಸರೂ ಒಂದೇ ಪುಟದಲ್ಲಿ, ಒಂದೇ ಶಾಯಿಯಲ್ಲಿ ಬರುತ್ತವೆ. ರಾಜ್ಯದ ಕಾನೂನು ಕಾಣದವರನ್ನು ಕಂಡ ಪುಸ್ತಕ ಅದು. ಮುಳುಗಿದ ಊರುಗಳ ವಿಷಯದಲ್ಲಿ ಇದಕ್ಕಿಂತ ಬೆಲೆಬಾಳುವ ಪರಂಪರೆ ನಮ್ಮಲ್ಲಿ ಇನ್ನೊಂದಿಲ್ಲ.

ಮುಂದೇನು

1963ರಲ್ಲಿ ಸ್ಥಾಪನೆಯಾದ ಚಿಕ್ಕಮಗಳೂರು ಧರ್ಮಪ್ರಾಂತ್ಯದ ವ್ಯಾಪ್ತಿಗೆ ಹಾಸನ ಜಿಲ್ಲೆ ಸೇರುತ್ತದೆ. ಅಣೆಕಟ್ಟಿನ ಮೇಲಿನ ಮುಳುಗಡೆಯ ನೆಲವೂ ಕೆಳಗಿನ ನಾಲೆಯ ನೆಲವೂ ಹೀಗೆ ಒಂದೇ ಕುರಿಮಂದೆಯ ಆವರಣದಲ್ಲಿವೆ. ಆದ್ದರಿಂದ ಇಲ್ಲಿ ಕೆಲವು ಕೆಲಸಗಳು ಸಾಧ್ಯ, ಮತ್ತು ಅವು ತುರ್ತಾದವು.

ಮೊದಲನೆಯದು, ಒಕ್ಕಲೆದ್ದ ಕುಟುಂಬಗಳ ಹಿರಿಯರಿಂದ ಊರಿನ ನಕ್ಷೆಯನ್ನು ಬರೆಸಿಕೊಳ್ಳುವುದು: ಯಾವ ಮನೆ ಎಲ್ಲಿತ್ತು, ಗದ್ದೆಗಳಿಗೆ ಏನು ಹೆಸರಿತ್ತು, ಸಮಾಧಿಗಳು ಎಲ್ಲಿದ್ದವು, ಯಾರು ಎಲ್ಲಿಗೆ ಹೋದರು, ಪರಿಹಾರ ಯಾರಿಗೆ ಸಿಕ್ಕಿತು, ಯಾರಿಗೆ ಸಿಗಲಿಲ್ಲ. ಪ್ರಾಯಕ್ಕೆ ಬಂದ ಮೇಲೆ ಊರು ಬಿಟ್ಟವರಿಗೆ ಈಗ ಅರುವತ್ತೈದು, ಎಂಬತ್ತು. ಗುರುವಿದ್ಯಾರ್ಥಿಗಳ ರಜೆಯ ಸೇವಾಕಾರ್ಯಕ್ಕೆ ಇದಕ್ಕಿಂತ ತಕ್ಕ ಕೆಲಸ ಕಾಣುವುದಿಲ್ಲ. ಕ್ರೈಸ್ತ ಮನೆಗಳಿಗೆ ಮಾತ್ರ ಹೋಗಿ ಬರುವುದಾದರೆ ಈ ಕೆಲಸವನ್ನು ಮಾಡದಿರುವುದೇ ಲೇಸು.

ಎರಡನೆಯದು ಪೂಜಾವಿಧಿಗೆ ಸಂಬಂಧಿಸಿದ್ದು. ಜಪಮಾಲೆ ಮಾತೆಯ ಹಬ್ಬ ಅಕ್ಟೋಬರ್ 7. ಒಳ್ಳೆಯ ಮಳೆಯಾದ ವರ್ಷ ಆ ದಿನ ಶೆಟ್ಟಿಹಳ್ಳಿಯ ದೇವಾಲಯದೊಳಗೆ ಬಲಿಪೀಠದ ಜಾಗದಲ್ಲಿ ನೀರಿರುತ್ತದೆ, ಹೊಳೆನರಸೀಪುರ, ಚನ್ನರಾಯಪಟ್ಟಣಗಳ ಕಡೆ ನಾಲೆಯ ಕೆಳಗಿನ ಭತ್ತ ತೆನೆಗಟ್ಟುತ್ತಿರುತ್ತದೆ. ಆ ದಿನದ ಬಲಿಪೂಜೆಯ ಭಕ್ತಾದಿಗಳ ಪ್ರಾರ್ಥನೆಯಲ್ಲಿ ಮುಳುಗಿದ ಊರುಗಳ ಹೆಸರುಗಳನ್ನು ಒಂದೊಂದಾಗಿ ಓದಬಹುದು. ಕಾಣಿಕೆಯಾಗಿ ತರುವ ಅನ್ನದ ಫಲ ಯಾರ ನೆಲವನ್ನು ಮುಳುಗಿಸಿದ ನೀರಿನಿಂದ ಬಂತೆಂಬುದನ್ನು ತಿಳಿದು ಅರ್ಪಿಸುವುದು, ತಿಳಿಯದೆ ಅರ್ಪಿಸುವುದಕ್ಕಿಂತ ಸತ್ಯವಾದ ಅರ್ಪಣೆ.

ಮೂರನೆಯದು, ಕಟ್ಟಡದ ಸಂರಕ್ಷಣೆಯ ಯೋಜನೆಗಳು ಮುಂದೆ ಬಂದಾಗ ಧರ್ಮಸಭೆ ಒಂದು ಷರತ್ತನ್ನಿಡಬೇಕು. ಗೋಡೆಗೆ ಆಸರೆ ಕೊಡುವುದಕ್ಕೆ ಮುನ್ನ, ಪ್ರವಾಸಿ ನಿಲ್ಲುವ ದಡದಲ್ಲಿ ಒಂದು ಕಲ್ಲು ನೆಡಲಿ. ಅದರ ಮೇಲೆ ಫ್ರೆಂಚ್ ಗುರುಗಳ ಹೆಸರು, ಕಟ್ಟಿದ ವರ್ಷಗಳಿಗೆ ಮೊದಲು, ಊರು ಬಿಟ್ಟ ಕುಟುಂಬಗಳ ಹೆಸರುಗಳಿರಲಿ. ಹೊಲವಿದ್ದವರದೂ ಇಲ್ಲದವರದೂ, ಎಲ್ಲ ಮತದವರದೂ. ಆಗ ಚಿತ್ರ ತೆಗೆಯಲು ಬಂದವನು ಮೊದಲು ಆ ಹೆಸರುಗಳನ್ನು ಓದಬೇಕಾಗುತ್ತದೆ. ಆ ಪಟ್ಟಿಯನ್ನು ತಯಾರಿಸಬಲ್ಲ ಹಿರಿಯರು ಇನ್ನೂ ನಮ್ಮ ನಡುವೆ ಇದ್ದಾರೆ, ಆದರೆ ವರ್ಷದಿಂದ ವರ್ಷಕ್ಕೆ ಅವರ ಸಂಖ್ಯೆ ಕಡಿಮೆಯಾಗುತ್ತಿದೆ.